ದೊಡ್ಡಬಳ್ಳಾಪುರದಿಂದ ದೇವನಹಳ್ಳಿಗೆ: ಒಂದು ಮನೆತನ ಒಟ್ಟಾಗಿ ನಿಂತ ಬಗೆ



ಕುಟುಂಬದ ಒಗ್ಗಟ್ಟಿನ ವಿಷಯ ಬಂದಾಗ ಮಿಂಬರಿನಿಂದ ನಾವು ಸಾಮಾನ್ಯವಾಗಿ ಮಕ್ಕಾ, ಮದೀನಾದ ಉದಾಹರಣೆಗಳನ್ನು ಕೊಡುತ್ತೇವೆ. ಅದು ಸರಿಯಾದದ್ದೇ. ಆದರೆ ನಾವು ದಿನವೂ ಬಸ್ಸಿನಲ್ಲಿ ಹಾದುಹೋಗುವ ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆಯ ಮಣ್ಣಿನಲ್ಲೂ ಇದೇ ಪಾಠ ಹೇಳುವ ಒಂದು ಚರಿತ್ರೆ ಇದೆ. ಈ ತಿಂಗಳು ಅದನ್ನು ನೋಡೋಣ.

ಈ ಮಾತು ಈಗ ಯಾಕೆ ಬೇಕು? 2008ರಲ್ಲಿ ದೇವನಹಳ್ಳಿ ಬಳಿ ವಿಮಾನ ನಿಲ್ದಾಣ ಶುರುವಾಯಿತು. ಎಕರೆ ಲೆಕ್ಕದಲ್ಲಿ ಮಾತಾಡುತ್ತಿದ್ದ ಭೂಮಿಯನ್ನು ಜನ ಚದರಡಿ ಲೆಕ್ಕದಲ್ಲಿ ಮಾತಾಡತೊಡಗಿದರು. ಹಣ ಬಂದ ಮನೆಗಳಲ್ಲಿ ನೆಮ್ಮದಿಯೂ ಬರಬೇಕಿತ್ತು. ಹಲವು ಮನೆಗಳಲ್ಲಿ ಹಾಗಾಗಲಿಲ್ಲ. ಒಂದೇ ತಟ್ಟೆಯಲ್ಲಿ ಉಂಡು ಬೆಳೆದ ಅಣ್ಣತಮ್ಮಂದಿರು ಕೋರ್ಟಿನ ಮೆಟ್ಟಿಲಲ್ಲಿ ಮುಖ ತಿರುಗಿಸಿ ಕೂರುತ್ತಾರೆ. ಸಹಿ ಹಾಕಿಸಿಕೊಳ್ಳುವ ದಿನ ಮಾತ್ರ ಅಕ್ಕತಂಗಿಯರ ನೆನಪಾಗುತ್ತದೆ. ಇದು ನಮ್ಮ ಸಮುದಾಯದ ರೋಗ ಮಾತ್ರವಲ್ಲ, ಊರಿನ ಎಲ್ಲರ ಮನೆಯಲ್ಲೂ ಇದೆ. ಹಾಗಾದರೆ ಒಂದು ಕುಟುಂಬವನ್ನು ಒಂದಾಗಿ ಹಿಡಿದಿಡುವುದು ಏನು? ರಕ್ತವೇ? ಆಸ್ತಿಯೇ? ಈ ಪ್ರಶ್ನೆ ಇಟ್ಟುಕೊಂಡು ಮುನ್ನೂರು ವರ್ಷ ಹಿಂದಕ್ಕೆ ಹೋಗೋಣ.

ನಾನು ಹೇಳಹೊರಟಿರುವುದು ಫತಹ್ ಮುಹಮ್ಮದ್ ಅವರ ಮನೆತನದ ಕಥೆ. ಈ ಹೆಸರು ಎಲ್ಲರಿಗೂ ಗೊತ್ತಿಲ್ಲದಿರಬಹುದು. ಇವರ ಮಗನ ಹೆಸರು ಹೈದರ್ ಅಲಿ, ಮೊಮ್ಮಗನ ಹೆಸರು ಟಿಪ್ಪು ಸುಲ್ತಾನ್. ಆ ಇಬ್ಬರ ಯುದ್ಧ, ರಾಜ್ಯಭಾರದ ಬಗ್ಗೆ ನಡೆಯುವ ವಾದ ವಿವಾದಗಳನ್ನು ಇಲ್ಲಿ ಬದಿಗಿಡೋಣ. ಸಿಂಹಾಸನದ ಹತ್ತಿರವೂ ಇಲ್ಲದಿದ್ದ ಕಾಲದಲ್ಲಿ, ಒಬ್ಬ ವಿಧವೆ ಮತ್ತು ಇಬ್ಬರು ಗಂಡುಮಕ್ಕಳಾಗಿ ಈ ಮನೆ ಹೇಗೆ ಉಳಿಯಿತು ಎನ್ನುವುದಷ್ಟೇ ನಮಗೆ ಬೇಕು.

ಮುರಿದ ಮನೆ

ಈ ವಂಶದ ಮೊದಲ ತಲೆಮಾರುಗಳ ಬಗ್ಗೆ ಚರಿತ್ರೆಕಾರರಲ್ಲಿ ಒಂದೇ ಅಭಿಪ್ರಾಯವಿಲ್ಲ. ಪರ್ಷಿಯನ್ನಿನಲ್ಲಿ ಬರೆದ ಕಿರ್ಮಾನಿ ಕೊಡುವ ವಂಶಾವಳಿ ಒಂದು. ಮೈಸೂರಿನಲ್ಲಿ ಬ್ರಿಟಿಷ್ ರೆಸಿಡೆಂಟರಾಗಿದ್ದ ಮಾರ್ಕ್ ವಿಲ್ಕ್ಸ್ ಕೊಡುವುದು ಇನ್ನೊಂದು. ವಿಲ್ಕ್ಸ್ ಬರೆಯುವ ಪ್ರಕಾರ ಅಣ್ಣತಮ್ಮಂದಿರಿಬ್ಬರು ಕೋಲಾರಕ್ಕೆ ಬಂದು ನೆಲೆಸಿದರು. ಅವರಲ್ಲೊಬ್ಬರು ತೀರಿಕೊಂಡಾಗ, ಉಳಿದ ಸಹೋದರ ಅವರ ಸೊತ್ತನ್ನೆಲ್ಲ ತನ್ನದಾಗಿಸಿಕೊಂಡು ಅವರ ವಿಧವೆಯನ್ನೂ ಸಣ್ಣ ಮಗುವನ್ನೂ ಮನೆಯಿಂದ ಹೊರಹಾಕಿದ. ಆ ಮಗುವೇ ಫತಹ್ ಮುಹಮ್ಮದ್. ಕೋಲಾರದ ಒಬ್ಬ ನಾಯಕ, ಅಂದರೆ ಕಾಲಾಳುಗಳ ಮುಖ್ಯಸ್ಥ, ತಾಯಿಮಗನನ್ನು ತನ್ನ ಮನೆಯಲ್ಲಿ ಇಟ್ಟುಕೊಂಡು ಸಾಕಿದ.

ಹೈದರ್ ಅಲಿಯವರ ತಾಯಿಯ ಕಡೆಯ ಕಥೆಯೂ ಹೆಚ್ಚುಕಡಿಮೆ ಹೀಗೆಯೇ. ವಿಲ್ಕ್ಸ್ ಪ್ರಕಾರ ಆಕೆಯ ತಂದೆ ಕೊಂಕಣದ ಕಡೆಯ ನವಾಯತ್ ವ್ಯಾಪಾರಿ. ಆರ್ಕಾಟಿಗೆ ಹೊರಟಿದ್ದಾಗ ತರೀಕೆರೆ ಹತ್ತಿರ ಕಳ್ಳರು ಅವರನ್ನು ಕೊಂದರು. ಅವರ ಹೆಂಡತಿ, ಒಬ್ಬ ಮಗ ಮತ್ತು ಇಬ್ಬರು ಹೆಣ್ಣುಮಕ್ಕಳು ಬೇಡಿಕೊಂಡು ಬರುತ್ತಾ ಕೋಲಾರ ಸೇರಿದರು. ಆ ಮಗನೇ ಮುಂದೆ ಹೈದರ್ ಅಲಿಯವರ ಸೋದರಮಾವನೆಂದು ಹೆಸರಾದ ಇಬ್ರಾಹಿಂ ಸಾಹೇಬ್.

ಈ ಎರಡು ಸಂಗತಿಗಳಲ್ಲಿ ಒಂದು ಮಾತು ಸ್ಪಷ್ಟವಾಗಿದೆ. ಅನಾಥನನ್ನು ಹೊರಹಾಕಿದವನು ಸ್ವಂತ ರಕ್ತದವನು. ಆಶ್ರಯ ಕೊಟ್ಟವನು ರಕ್ತಸಂಬಂಧವೇ ಇಲ್ಲದವನು. ಕುರ್‌ಆನಿನ ಸೂರಃ ಅನ್ನಿಸಾ ಸಂಬಂಧಿಕರ ಹಕ್ಕನ್ನು ನೆನಪಿಸಿದ ಬೆನ್ನಲ್ಲೇ ಅನಾಥರ ಸೊತ್ತಿನ ವಿಷಯಕ್ಕೆ ಬರುತ್ತದೆ. ಯಾಕೆಂದರೆ ಅನಾಥರ ಸೊತ್ತು ಕರಗುವುದು ಬಹಳ ಸಲ ಹೊರಗಿನ ಕಳ್ಳನಿಂದಲ್ಲ, ಮನೆಯ ಒಳಗಿನಿಂದ. ಒಗ್ಗಟ್ಟು ರಕ್ತದಲ್ಲಿ ತಾನಾಗಿ ಹರಿದುಬರುವುದಿಲ್ಲ. ಅದನ್ನು ಪ್ರತಿ ತಲೆಮಾರೂ ಹೊಸದಾಗಿ ಕಟ್ಟಬೇಕಾಗುತ್ತದೆ.

ದೊಡ್ಡಬಳ್ಳಾಪುರದ ನಗಾರಿ

ಫತಹ್ ಮುಹಮ್ಮದ್ ಬೆಳೆದು ಸೈನಿಕರಾದರು. ಸಿರಾ ಆಗ ಮೊಘಲರ ಸುಬಾ. ಅಲ್ಲಿನ ಸುಬೇದಾರ ದರ್ಗಾ ಕುಲಿ ಖಾನನ ಕೈಕೆಳಗೆ ಅವರು ಫೌಜುದಾರರಾಗಿ, ಬೂದಿಕೋಟೆಯನ್ನು ಜಹಗೀರಾಗಿ ಪಡೆದರು. ಈಗಿನ ಕೋಲಾರ ಜಿಲ್ಲೆಯ ಆ ಬೂದಿಕೋಟೆಯಲ್ಲೇ ಹೈದರ್ ಅಲಿ ಹುಟ್ಟಿದ್ದು. ಅಣ್ಣನ ಹೆಸರು ಶಹಬಾಜ್.

1720ರ ದಶಕದಲ್ಲಿ ಸಿರಾದ ಅಧಿಕಾರಕ್ಕಾಗಿ ನಡೆದ ಕಾಳಗದಲ್ಲಿ ಫತಹ್ ಮುಹಮ್ಮದ್ ಪ್ರಾಣ ಕಳೆದುಕೊಂಡರು. ಅವರು ಯಾರ ಪಕ್ಷದಲ್ಲಿ ಹೋರಾಡಿದರೋ ಆ ದರ್ಗಾ ಕುಲಿ ಖಾನನ ಮಗ ಅಬ್ದುಲ್ ರಸೂಲ್ ಖಾನನೂ ಸತ್ತ. ಇನ್ನೊಬ್ಬ ಮಗ ಅಬ್ಬಾಸ್ ಕುಲಿ ಖಾನನಿಗೆ ದೊಡ್ಡಬಳ್ಳಾಪುರದ ಜಹಗೀರು ಉಳಿಯಿತು. ಫತಹ್ ಮುಹಮ್ಮದರ ಹೆಂಡತಿ ಮಕ್ಕಳು ಇದ್ದದ್ದೂ ಅದೇ ದೊಡ್ಡಬಳ್ಳಾಪುರದಲ್ಲಿ. ತನ್ನ ಮನೆಯವರಿಗಾಗಿ ಪ್ರಾಣ ಕೊಟ್ಟವನ ಹೆಂಡತಿ ಮಕ್ಕಳನ್ನು ಅವನು ಕಾಪಾಡಬೇಕಿತ್ತು. ಅವನು ಮಾಡಿದ್ದು ಬೇರೆ. ಸತ್ತವರು ತನಗೆ ಸಾಲ ಕೊಡಬೇಕಿತ್ತು ಎಂಬ ನೆಪ ತೆಗೆದು ಮನೆಯಲ್ಲಿದ್ದುದನ್ನೆಲ್ಲ ದೋಚಿದ. ಇನ್ನೂ ಹಣ ಬಚ್ಚಿಟ್ಟಿದ್ದಾರೆಂದು, ಹತ್ತು ವರ್ಷವೂ ತುಂಬದ ಇಬ್ಬರು ಹುಡುಗರನ್ನು ದೊಡ್ಡ ನಗಾರಿಯೊಳಗೆ ಕೂರಿಸಿ ಅದನ್ನು ಬಾರಿಸಿದ ಎಂದು ಚರಿತ್ರೆಯ ಪುಸ್ತಕಗಳು ಹೇಳುತ್ತವೆ. ಮಕ್ಕಳ ಅರಚಾಟ ಕೇಳಿಯಾದರೂ ತಾಯಿ ಹಣ ತೋರಿಸಲಿ ಎಂಬುದು ಅವನ ಲೆಕ್ಕ.

ಇಲ್ಲಿ ಸ್ವಲ್ಪ ನಿಲ್ಲೋಣ. ಅಬ್ಬಾಸ್ ಕುಲಿ ಖಾನ್ ಸಾಲವನ್ನೇ ನೆಪ ಮಾಡಿಕೊಂಡದ್ದನ್ನು ಗಮನಿಸಬೇಕು. ಮನೆಯ ಯಜಮಾನ ಯಾರಿಗೆ ಎಷ್ಟು ಕೊಡಬೇಕು, ಯಾರಿಂದ ಎಷ್ಟು ಬರಬೇಕು ಎನ್ನುವುದು ಮನೆಯವರಿಗೆ ಗೊತ್ತಿಲ್ಲದಿದ್ದರೆ, ಅವನು ಕಣ್ಣು ಮುಚ್ಚಿದ ಮರುದಿನ ಬಾಗಿಲು ತಟ್ಟುವವನು ಹೇಳಿದ್ದೇ ಲೆಕ್ಕವಾಗುತ್ತದೆ. ಶರೀಅತ್‌ನಲ್ಲಿ ದಫನ್ ಖರ್ಚಾದ ಮೇಲೆ ಮೊದಲು ಸಾಲ ತೀರಬೇಕು, ಆಮೇಲೆ ವಸಿಯ್ಯತ್, ಕೊನೆಗೆ ವಾರಸುದಾರರ ಪಾಲು. ಈ ಕ್ರಮ ನಡೆಯಬೇಕಾದರೆ ಸಾಲ ಎಷ್ಟೆಂದು ಹೆಂಡತಿಗೂ ದೊಡ್ಡ ಮಕ್ಕಳಿಗೂ ತಿಳಿದಿರಬೇಕು. ಸಾಲ ಕೊಡುವಾಗ ಪಡೆಯುವಾಗ ಬರೆದಿಡಿ ಎಂಬ ಆಜ್ಞೆ ಸೂರಃ ಅಲ್‌ಬಕರಾದಲ್ಲಿ ಅಷ್ಟು ವಿವರವಾಗಿ ಬಂದಿರುವುದೂ ಸುಮ್ಮನೆ ಅಲ್ಲ.

ತಾಯಿ ಕಳುಹಿಸಿದ ಸುದ್ದಿ

ಆ ತಾಯಿ ಏನು ಮಾಡಿದರು? ಮರ್ಯಾದೆ ಹೋಗುತ್ತದೆಂದು ಬಾಯಿ ಮುಚ್ಚಿಕೊಂಡು ಕೂರಲಿಲ್ಲ. ಗಂಡನ ಅಣ್ಣನ ಮಗ ಹೈದರ್ ಸಾಹೇಬ್ ಎಂಬುವರು ಮೈಸೂರು ಸಂಸ್ಥಾನದ ಸೇವೆಯಲ್ಲಿದ್ದರು. ಅವರಿಗೆ ಸುದ್ದಿ ಮುಟ್ಟಿಸಿದರು. ಹೈದರ್ ಸಾಹೇಬರು ದಳವಾಯಿ ದೇವರಾಜಯ್ಯನವರ ಬಳಿ ಹೋಗಿ ಬೇಡಿಕೊಂಡರು. ದೇವರಾಜಯ್ಯನವರು ಸಿರಾದ ಅಧಿಕಾರಿಗೆ ಹೇಳಿ ಕಳುಹಿಸಿದರು. ಕುಟುಂಬಕ್ಕೆ ಬಿಡುಗಡೆಯಾಯಿತು. ಅವರು ಬೆಂಗಳೂರಿಗೆ, ಆಮೇಲೆ ಶ್ರೀರಂಗಪಟ್ಟಣಕ್ಕೆ ಬಂದರು. ವಿಲ್ಕ್ಸ್ ಬರಹದಲ್ಲಿ ಆಸರೆಯಾದವರಾಗಿ ಸೋದರಮಾವ ಇಬ್ರಾಹಿಂ ಸಾಹೇಬರ ಹೆಸರೂ ಬರುತ್ತದೆ. ತಂದೆಯ ಕಡೆ ಮತ್ತು ತಾಯಿಯ ಕಡೆ, ಎರಡೂ ಕಡೆಯವರು ಕೈ ಚಾಚಿದರು.

ಹೈದರ್ ಸಾಹೇಬರು ಬಿಡಿಸಿ ತಂದು ಅಲ್ಲಿಗೇ ಕೈ ತೊಳೆದುಕೊಳ್ಳಲಿಲ್ಲ. ಚಿಕ್ಕಪ್ಪನ ಇಬ್ಬರು ಮಕ್ಕಳನ್ನು ತಮ್ಮ ಸ್ವಂತ ಮಕ್ಕಳಂತೆ ಬೆಳೆಸಿದರು. ಕುದುರೆ ಸವಾರಿ ಕಲಿಸಿದರು, ಕತ್ತಿ ಹಿಡಿಯುವುದನ್ನು ಕಲಿಸಿದರು, ಕೊನೆಗೆ ಮೈಸೂರಿನ ಸೇವೆಗೂ ಸೇರಿಸಿದರು. ಅಜ್ಜನ ಕಾಲದಲ್ಲಿ ಸತ್ತ ಸಹೋದರನ ಮಗುವನ್ನು ಬೀದಿಗೆ ತಳ್ಳಿದ ಕಥೆಯನ್ನು ಹೇಳಿದೆನಲ್ಲ, ಅದೇ ಮನೆತನದಲ್ಲಿ ಒಂದು ತಲೆಮಾರಿನ ನಂತರ ಹೀಗೆ ನಡೆಯಿತು.

ಒಂದು ಕೆಲಸಕ್ಕೆ ಇಲ್ಲಿ ಎಷ್ಟು ಕೈಗಳು ಸೇರಿವೆ ನೋಡಿ. ತಾಯಿ ಸುದ್ದಿ ಕೊಟ್ಟರು. ಭಾವನ ಮಗ ಅದನ್ನು ತನ್ನ ಹೊಣೆ ಎಂದುಕೊಂಡರು. ಧರ್ಮದಲ್ಲಿ ಬೇರೆಯಾದ ದಳವಾಯಿ ತಮ್ಮ ಅಧಿಕಾರವನ್ನು ಬಳಸಿದರು. ಇವರಲ್ಲಿ ಒಬ್ಬರು ಹಿಂಜರಿದಿದ್ದರೂ ಆ ಮಕ್ಕಳ ಗತಿ ಏನಾಗುತ್ತಿತ್ತೋ ಹೇಳಲಾಗದು.

ದೇವನಹಳ್ಳಿಯ ಒಂದು ಬಾಗಿಲು

ಈಗ ದೇವನಹಳ್ಳಿಗೆ ಬರೋಣ. ಇಲ್ಲಿನ ಕೋಟೆಯನ್ನು 1501ರಲ್ಲಿ ಮಲ್ಲಬೈರೇಗೌಡರು ಕಟ್ಟಿಸಿದರು. ಅವರು ಆವತಿಯ ಮನೆತನದವರು. ಕಂಚಿಯ ಕಡೆಯಿಂದ ಬಂಡಿಗಳಲ್ಲಿ ಒಟ್ಟಾಗಿ ಹೊರಟು ಬಂದ ಮೊರಸು ಒಕ್ಕಲಿಗ ಕುಟುಂಬಗಳು ರಣಭೈರೇಗೌಡರ ಹಿರಿತನದಲ್ಲಿ ಆವತಿಯಲ್ಲಿ ನೆಲೆಸಿದವೆಂದೂ, ದೇವನಹಳ್ಳಿ, ಚಿಕ್ಕಬಳ್ಳಾಪುರ ಮುಂತಾದ ಪಾಳೆಯಗಳು ಆ ಬೇರಿನಿಂದಲೇ ಚಿಗುರಿದವೆಂದೂ ಈ ಸೀಮೆಯ ಐತಿಹ್ಯ. ನಮ್ಮ ಜಿಲ್ಲೆಯ ಹಳೆಯ ಊರುಗಳು ಹುಟ್ಟಿದ್ದೇ ಜೊತೆಯಾಗಿ ಪ್ರಯಾಣ ಮಾಡಿದ ಕುಟುಂಬಗಳಿಂದ.

1749ರಲ್ಲಿ ಮೈಸೂರಿನ ಸೇನೆ ನಂಜರಾಜಯ್ಯನವರ ನೇತೃತ್ವದಲ್ಲಿ ದೇವನಹಳ್ಳಿಗೆ ಮುತ್ತಿಗೆ ಹಾಕಿತು. ಮುತ್ತಿಗೆ ತಿಂಗಳುಗಟ್ಟಲೆ ನಡೆಯಿತು. ಆ ಸೇನೆಯಲ್ಲಿ ಶಹಬಾಜ್ ಆಗಲೇ ಒಂದು ತುಕಡಿಯ ಸರದಾರರು. ತಮ್ಮ ಹೈದರ್ ಅಲಿಗೆ ಯಾವ ಹುದ್ದೆಯೂ ಇರಲಿಲ್ಲ. ಅಣ್ಣನ ಜೊತೆ ಸ್ವಯಂಸೇವಕನಾಗಿ ಬಂದಿದ್ದರು. ಆದರೆ ಅಪಾಯ ಎಲ್ಲಿ ಹೆಚ್ಚೋ ಅಲ್ಲಿ ಅವರು ಅಳುಕದೆ ನಿಲ್ಲುತ್ತಿದ್ದುದು ನಂಜರಾಜಯ್ಯನವರ ಕಣ್ಣಿಗೆ ಬಿತ್ತು. ಕೋಟೆ ಕೈವಶವಾದ ಮೇಲೆ ಹೈದರ್ ಅಲಿಗೆ 50 ಕುದುರೆ, 200 ಕಾಲಾಳುಗಳ ಅಧಿಕಾರ ಸಿಕ್ಕಿತು. ದೇವನಹಳ್ಳಿ ಕೋಟೆಯ ಒಂದು ಬಾಗಿಲಿನ ಕಾವಲೂ ಅವರ ಪಾಲಿಗೆ ಬಂತು. ಮುಂದಿನ ಎಲ್ಲ ಏಳಿಗೆಗೂ ಇದು ಮೊದಲ ಮೆಟ್ಟಿಲು. ಮರುವರ್ಷ, 1750ರ ನವೆಂಬರಿನಲ್ಲಿ, ಇದೇ ಊರಿನಲ್ಲಿ ಟಿಪ್ಪು ಹುಟ್ಟಿದರು. ಕೋಟೆಯ ಹತ್ತಿರ ಆ ಜಾಗವನ್ನು ಗುರುತಿಸುವ ಚಿಕ್ಕ ಸ್ಮಾರಕವನ್ನು ನೀವು ನೋಡಿರಬಹುದು.

ಇಲ್ಲಿ ನನ್ನ ಗಮನವಿರುವುದು ಶಹಬಾಜ್ ಮೇಲೆ. ಚರಿತ್ರೆ ಅವರನ್ನು ಹೆಚ್ಚಾಗಿ ಮರೆತಿದೆ. ಹಿರಿಯರು ಅವರು, ಮೊದಲು ಸೇವೆ ಸೇರಿದವರು ಅವರು. ತಮ್ಮನಿಗೆ ಆ ರಣರಂಗಕ್ಕೆ ಬರಲು ದಾರಿಯಾದದ್ದು ಅವರ ತುಕಡಿ. ತಮ್ಮ ತನ್ನನ್ನು ಮೀರಿ ಬೆಳೆಯುವ ಸೂಚನೆ ಕಂಡಾಗ ಹಿಡಿದು ಹಿಂದಕ್ಕೆಳೆಯುವುದು ಅಣ್ಣನಿಗೆ ಕಷ್ಟದ ಕೆಲಸವಾಗಿರಲಿಲ್ಲ. ಯೂಸುಫ್(ಅ)ರ ಅಣ್ಣಂದಿರಿಗೆ ಶೈತಾನ್ ಕೊಟ್ಟ ಪಾಠ ಅದೇ ಅಲ್ಲವೇ? ಅದಕ್ಕೆ ಎದುರಾದ ಇನ್ನೊಂದು ಮಾದರಿಯೂ ನಮ್ಮ ಮುಂದಿದೆ. ಫಿರ್‌ಔನನ ಬಳಿಗೆ ಹೋಗುವ ಆಜ್ಞೆಯಾದಾಗ ಮೂಸಾ(ಅ) ತಮ್ಮ ಸಹೋದರ ಹಾರೂನ್(ಅ)ರನ್ನು ಜೊತೆಗೆ ಕೊಡುವಂತೆ ಅಲ್ಲಾಹನಲ್ಲಿ ಕೇಳಿಕೊಂಡರು. ಅವರ ಮಾತು ನನಗಿಂತ ಸ್ಪಷ್ಟ ಎಂದು ಕಾರಣವನ್ನೂ ಹೇಳಿದರು. ನನಗಿಲ್ಲದ ಗುಣ ನನ್ನ ಸಹೋದರನಲ್ಲಿದೆ ಎಂದು ಬಾಯಿ ಬಿಟ್ಟು ಹೇಳುವುದು ಒಟ್ಟಾಗಿ ಕೆಲಸ ಮಾಡುವುದರ ಮೊದಲ ಅಕ್ಷರ.

ಕಷ್ಟದ ರಾತ್ರಿ

1760ರ ಆಗಸ್ಟಿನಲ್ಲಿ ಎಲ್ಲವೂ ಬುಡಮೇಲಾಯಿತು. ಹೈದರ್ ಅಲಿಯೇ ನಂಬಿ ಬೆಳೆಸಿದ್ದ ಖಂಡೇರಾವ್ ಅರಮನೆಯ ಪರವಾಗಿ ತಿರುಗಿ ನಿಂತ. ಹೈದರ್ ಅಲಿ ರಾತ್ರೋರಾತ್ರಿ ಕೆಲವೇ ಜನರೊಂದಿಗೆ ಕಾವೇರಿ ದಾಟಿ ಹೊರಟರು. ಹೆಂಡತಿ ಮಕ್ಕಳು ಶ್ರೀರಂಗಪಟ್ಟಣದಲ್ಲೇ ಉಳಿದರು. ಟಿಪ್ಪುವಿಗೆ ಆಗ ಹತ್ತು ವರ್ಷವೂ ತುಂಬಿರಲಿಲ್ಲ. ಖಂಡೇರಾವ್ ಆ ಹೆಂಗಸರು ಮಕ್ಕಳಿಗೆ ಕೇಡು ಮಾಡಲಿಲ್ಲ ಎನ್ನುವುದನ್ನೂ ನ್ಯಾಯವಾಗಿ ಹೇಳಬೇಕು.

ಹೈದರ್ ಅಲಿ ನೇರವಾಗಿ ಬಂದದ್ದು ಆನೇಕಲ್ಲಿಗೆ. ಅಲ್ಲಿದ್ದವರು ಅವರ ಭಾವಮೈದುನ ಇಸ್ಮಾಯಿಲ್ ಅಲಿ. ಬೆಂಗಳೂರು ಕೋಟೆ ಇನ್ನೂ ನಮ್ಮ ಕಡೆ ಇದೆಯೇ ಎಂದು ಮೊದಲು ಹೋಗಿ ನೋಡಿ ಬಂದವರೂ ಅವರೇ. ಕೋಟೆಯ ಅಧಿಕಾರಿ ಕಬೀರ್ ಬೇಗ್ ಹಳೆಯ ಸ್ನೇಹ ಬಿಡಲಿಲ್ಲ. ಇನ್ನೊಬ್ಬ ಭಾವಮೈದುನ ಮಖ್ದೂಮ್ ಅಲಿ ಪುದುಚೇರಿ ಕಡೆ ಫ್ರೆಂಚರ ಸಹಾಯಕ್ಕೆ ಹೋಗಿದ್ದರು. ಸುದ್ದಿ ಮುಟ್ಟಿದ ಕೂಡಲೇ ಸೇನೆಯೊಂದಿಗೆ ಹಿಂದಿರುಗಿ ಹೊರಟರು. ಕೈಯಲ್ಲಿ ರಾಜ್ಯವಿಲ್ಲ, ಖಜಾನೆಯಿಲ್ಲ. ಉಳಿದದ್ದು ಹೆಂಡತಿಯ ಕಡೆಯ ಮತ್ತು ತನ್ನ ಕಡೆಯ ನಂಟರು, ಕೆಲವು ಗೆಳೆಯರು. ಮರುವರ್ಷದ ಹೊತ್ತಿಗೆ ಕಳೆದುಕೊಂಡದ್ದೆಲ್ಲ ತಿರುಗಿ ಬಂತು. ಬೇಟಿ ಕೊಟ್ಟ ಮನೆ, ಸೊಸೆ ತಂದ ಮನೆ ಎಂದು ಭೇದ ಮಾಡಿ, ಹೆಂಡತಿಯ ತವರಿನವರನ್ನು ದೂರ ಇಡುವ ಗಂಡಸರು ಈ ಸಂಗತಿಯನ್ನು ಯೋಚಿಸಬೇಕು.

1761ರಲ್ಲೇ ಹೊಸಕೋಟೆ, ದೊಡ್ಡಬಳ್ಳಾಪುರ, ಸಿರಾ ಹೈದರ್ ಅಲಿಯವರ ವಶವಾದವು. ಮೂರು ದಶಕದ ಹಿಂದೆ ನಗಾರಿ ಬಾರಿಸಿದ್ದ ಅಬ್ಬಾಸ್ ಕುಲಿ ಖಾನ್ ಮದ್ರಾಸಿಗೆ ಓಡಿಹೋದ. 1767ರಲ್ಲಿ ಮೈಸೂರಿನ ಕುದುರೆಪಡೆ ಮದ್ರಾಸಿನ ಸುತ್ತ ಕಾಣಿಸಿಕೊಂಡಾಗ ಅವನು ಹಡಗು ಹತ್ತಿ ಕುಳಿತು, ಪಡೆ ಘಟ್ಟ ಹತ್ತಿತೆಂದು ಖಚಿತವಾಗುವವರೆಗೆ ನೆಲಕ್ಕೆ ಇಳಿಯಲಿಲ್ಲವೆಂದು ವಿಲ್ಕ್ಸ್ ಬರೆಯುತ್ತಾರೆ. ಅನಾಥರಿಂದ ಕಿತ್ತುಕೊಂಡ ಸೊತ್ತು ಅವನಿಗೆ ಒಂದು ರಾತ್ರಿಯ ನಿದ್ದೆಯನ್ನೂ ಉಳಿಸಲಿಲ್ಲ.

ನಂಟಸ್ತನದ ಮಿತಿ

ಆದರೆ ಚರಿತ್ರೆಯನ್ನು ಅರ್ಧ ಹೇಳಿ ನಿಲ್ಲಿಸಬಾರದು. 1782ರ ಡಿಸೆಂಬರ್ 7ರಂದು ಚಿತ್ತೂರಿನ ಹತ್ತಿರದ ಪಾಳೆಯದಲ್ಲಿ ಹೈದರ್ ಅಲಿ ತೀರಿಕೊಂಡರು. ಟಿಪ್ಪು ಆಗ ದೂರದ ಮಲಬಾರಿನಲ್ಲಿ ಬ್ರಿಟಿಷರ ಎದುರು ಯುದ್ಧದಲ್ಲಿದ್ದರು. ಸುದ್ದಿ ಹೊರಬಿದ್ದರೆ ಸೇನೆ ಚದುರಿಹೋಗುತ್ತಿತ್ತು. ಪೂರ್ಣಯ್ಯ ಮತ್ತು ಕೃಷ್ಣರಾವ್ ಮುಂತಾದ ಅಧಿಕಾರಿಗಳು ಮರಣವನ್ನು ಗುಟ್ಟಾಗಿಟ್ಟು, ದೈನಂದಿನ ಆಡಳಿತವನ್ನು ಎಂದಿನಂತೆ ನಡೆಸಿ, ಟಿಪ್ಪುವಿಗೆ ಗುಪ್ತವಾಗಿ ಹೇಳಿ ಕಳುಹಿಸಿದರು. ದೇಹವನ್ನು ಪೆಟ್ಟಿಗೆಯಲ್ಲಿಟ್ಟು ಕೋಲಾರಕ್ಕೆ ಸಾಗಿಸಿ, ತಂದೆ ಫತಹ್ ಮುಹಮ್ಮದರ ಮಕ್ಬರಾದಲ್ಲಿ ತಾತ್ಕಾಲಿಕವಾಗಿ ಇರಿಸಿದರು. ಆಮೇಲೆ ಶ್ರೀರಂಗಪಟ್ಟಣದ ಗುಂಬಜಿಗೆ ತಂದರು.

ಇದೇ ಸಮಯದಲ್ಲಿ ಟಿಪ್ಪುವಿನ ತಮ್ಮ ಅಬ್ದುಲ್ ಕರೀಮನನ್ನು ಮುಂದಿಟ್ಟುಕೊಂಡು ಅಧಿಕಾರ ಹಿಡಿಯಲು ಪಾಳೆಯದೊಳಗೆ ಒಂದು ಸಂಚು ನಡೆಯಿತು. ಸಂಚಿನ ಮುಂದಾಳು ಹೈದರ್ ಅಲಿಯವರ ಹತ್ತಿರದ ಸಂಬಂಧಿ. ಅದನ್ನು ಹಿಡಿದು ಮುರಿದು, ಅಣ್ಣ ಬರುವವರೆಗೆ ಮನೆಯನ್ನು ಕಾಯ್ದವರು ರಕ್ತಸಂಬಂಧವಿಲ್ಲದ, ಬೇರೆ ಧರ್ಮದ ಪೂರ್ಣಯ್ಯ, ಕೃಷ್ಣರಾವ್ ಮತ್ತು ಅವರ ಜೊತೆಗಾರರು. ಕೋಲಾರದ ನಾಯಕ, ದಳವಾಯಿ ದೇವರಾಜಯ್ಯ, ಪೂರ್ಣಯ್ಯ: ಈ ಮನೆ ಮೂರು ತಲೆಮಾರು ಉಳಿದದ್ದು ಮನೆಯ ಹೊರಗಿನ ಇಂಥವರ ನಂಬಿಕೆಯಿಂದಲೂ ಹೌದು. ನಂಬಿಕೆ ಉಳಿಸಿಕೊಂಡವನು ಮನೆಯವನಾಗುತ್ತಾನೆ. ಅದನ್ನು ಮುರಿದವನು ಒಂದೇ ಗೋಡೆಯೊಳಗಿದ್ದರೂ ದೂರದವನು.

ನಮ್ಮ ಮನೆಗೆ ಏನು?

ವಿಜಯಪುರದ ರೇಷ್ಮೆ ರೀಲಿಂಗ್ ಮನೆಗಳನ್ನು ನೋಡಿ. ಬೆಳಿಗ್ಗೆ ಮಾರುಕಟ್ಟೆಯಿಂದ ಗೂಡು ತರುವವರು ಒಬ್ಬರು, ಗೂಡು ಬೇಯಿಸುವವರು ಒಬ್ಬರು, ಎಳೆ ಹಿಡಿದು ಕೂರುವವರು ಒಬ್ಬರು. ದೊಡ್ಡಬಳ್ಳಾಪುರದ ಮಗ್ಗದ ಮನೆಗಳಲ್ಲೂ ಹಾಗೆಯೇ: ಗಂಡ ಮಗ್ಗದ ಮುಂದೆ ನಿಂತರೆ ನೂಲು ಸುತ್ತಿ ಕೊಡುವುದು ಹೆಂಡತಿ, ಮಗಳು. ದುಡಿಮೆಯಲ್ಲಿ ನಮ್ಮ ಮನೆಗಳು ಒಗ್ಗಟ್ಟನ್ನು ಕಲಿತಿವೆ. ಎಡವುವುದು ಲೆಕ್ಕ ಮತ್ತು ಪಾಲಿನಲ್ಲಿ. ಸೀರೆ ನೇಯುವಾಗ ಎಲ್ಲರ ಕೈ ಬೇಕು. ಹಣ ಎಣಿಸುವಾಗ ಒಂದೇ ಕೈ ಸಾಕು ಎನ್ನುವ ಮನೆ ಹೆಚ್ಚು ದಿನ ಒಂದಾಗಿ ನಿಲ್ಲುವುದಿಲ್ಲ.

ಆದ್ದರಿಂದ ಈ ಚರಿತ್ರೆಯಿಂದ ನಾಲ್ಕು ಮಾತುಗಳನ್ನು ಮನೆಗೆ ತೆಗೆದುಕೊಂಡು ಹೋಗೋಣ.

ಮೊದಲನೆಯದು, ಲೆಕ್ಕ. ಸಾಲ, ಚೀಟಿ, ಅಡವಿಟ್ಟ ಒಡವೆ, ಜಮೀನಿನ ಪತ್ರ ಎಲ್ಲವೂ ಒಂದು ಪುಸ್ತಕದಲ್ಲಿ ಬರೆದಿರಲಿ. ಆ ಪುಸ್ತಕ ಎಲ್ಲಿದೆ ಎಂದು ಹೆಂಡತಿಗೆ ಗೊತ್ತಿರಲಿ.

ಎರಡನೆಯದು, ಸುದ್ದಿ. ಕಷ್ಟ ಬಂದವರು ಮುಚ್ಚಿಡದೆ ಹೇಳಲಿ. ಕೇಳಿದವರು, ನನಗೇನು ಎನ್ನದೆ ಹೈದರ್ ಸಾಹೇಬರಂತೆ ಎದ್ದು ಹೊರಡಲಿ. ಸಹಾಯ ಮಾಡಿದ ಮೇಲೆ ಅದನ್ನು ಮದುವೆ ಮನೆಯಲ್ಲಿ ಎತ್ತಿ ಆಡದಿರಲಿ.

ಮೂರನೆಯದು, ಬಾಗಿಲು. ನಂಜರಾಜಯ್ಯನವರು ಹೈದರ್ ಅಲಿಗೆ ಇಡೀ ಕೋಟೆಯನ್ನಲ್ಲ, ಒಂದು ಬಾಗಿಲನ್ನು ಕೊಟ್ಟರು. ನಿಮ್ಮ ಮನೆಯ ಹುಡುಗ ಹುಡುಗಿಯರಿಗೂ ಹೀಗೆ ಒಂದೊಂದು ಹೊಣೆ ಕೊಡಿ. ಕರೆಂಟ್ ಬಿಲ್ಲು ಕಟ್ಟುವುದಿರಲಿ, ಅಜ್ಜಿಯನ್ನು ಆಸ್ಪತ್ರೆಗೆ ಕರೆದೊಯ್ಯುವುದಿರಲಿ, ಪೂರ್ತಿ ಅವರಿಗೆ ಬಿಡಿ. ತಪ್ಪಿದರೆ ತಿದ್ದಿ, ಕಿತ್ತುಕೊಳ್ಳಬೇಡಿ. ಹೊಣೆ ಹೊತ್ತವನಿಗೆ ಮಾತ್ರ ಇದು ನಮ್ಮ ಮನೆ ಅನಿಸುತ್ತದೆ.

ನಾಲ್ಕನೆಯದು, ಪಾಲು. ಜಮೀನು ಮಾರಿದ ಹಣದಲ್ಲಿ ಅಕ್ಕತಂಗಿಯರಿಗೆ ಎಷ್ಟು ಎಂದು ಅಣ್ಣತಮ್ಮಂದಿರು ಸೇರಿ ತೀರ್ಮಾನ ಮಾಡುವುದಲ್ಲ. ಅದನ್ನು ಅಲ್ಲಾಹನು ಆಗಲೇ ತೀರ್ಮಾನ ಮಾಡಿದ್ದಾನೆ. ಸೀರೆ, ಕುಪ್ಪಸ, ಐದು ಸಾವಿರ ರೂಪಾಯಿ ಕೊಟ್ಟು ಹೆಬ್ಬೆಟ್ಟು ಒತ್ತಿಸಿಕೊಳ್ಳುವುದು ಪ್ರೀತಿಯಲ್ಲ. ಅಬ್ಬಾಸ್ ಕುಲಿ ಖಾನ್ ಮಾಡಿದ್ದೂ ಇದನ್ನೇ, ಅವನು ನಗಾರಿ ಬಾರಿಸಿ ಮಾಡಿದ, ನಾವು ನಗುನಗುತ್ತಾ ಮಾಡುತ್ತೇವೆ. ವ್ಯತ್ಯಾಸ ಅಷ್ಟೇ.

ಈ ಶುಕ್ರವಾರ ಮಗ್ರಿಬ್ ಆದ ಮೇಲೆ ಟಿವಿ, ಮೊಬೈಲು ಬದಿಗಿಟ್ಟು ಮನೆಯವರೆಲ್ಲ ಒಂದು ಚಾಪೆಯ ಮೇಲೆ ಕೂತುಕೊಳ್ಳಿ. ಯಾರಿಗೆ ಏನು ಕಷ್ಟ, ಯಾರಿಗೆ ಯಾವ ಹೊಣೆ, ಯಾರಿಗೆ ಏನು ಕೊಡುವುದು ಬಾಕಿ ಎಂದು ಕೇಳಿಕೊಳ್ಳಿ. ದೂರವಾದ ಅಣ್ಣನೋ ತಂಗಿಯೋ ಇದ್ದರೆ ಆ ರಾತ್ರಿಯೇ ಒಂದು ಫೋನ್ ಮಾಡಿ. ಮೊದಲು ಸಲಾಮ್ ಹೇಳಿದವರೇ ಉತ್ತಮರೆಂದು ಪ್ರವಾದಿ(ಸ) ಕಲಿಸಿದ್ದಾರೆ. ನಮ್ಮ ಮನೆಗಳನ್ನು ಅಲ್ಲಾಹನು ಒಂದಾಗಿ ಇಡಲಿ. ಆಮೀನ್.